ಆರ್ಫಾ ಅಜ್ಜಿಯ ಬಣ್ಣದ ಪರೀಕ್ಷೆ

ಕೆಂಟಕಿಯ ಆ ಕಣಿವೆಯಲ್ಲಿ ಯಾರ ಮನೆ ಮುಂದೆ ರೆಡ್‌ಬಡ್ ಮರವಿದ್ದರೂ ಅದರ ಬೀಜ ಆರ್ಫಾ ಅಜ್ಜಿಯ ಫ್ರಿಜ್ಜಿನದೇ. ಬಿಸಿನೀರಲ್ಲಿ ನೆನೆಸಿ, ಒದ್ದೆ ಮರಳಲ್ಲಿ ಕಲೆಸಿ, ಮೂರು ತಿಂಗಳು ಬೆಣ್ಣೆಯ ಪಕ್ಕ ನಡುಗಿಸದೆ ಆ ಬೀಜಕ್ಕೆ ಬುದ್ಧಿ ಬರುವುದಿಲ್ಲವೆಂಬುದು ಅವಳ ಸಿದ್ಧಾಂತ. ಸಸಿ ಕೊಡುವಾಗ, "ಗೇಣುದ್ದ ಇದ್ದಾಗ್ಲೇ ನೆಟ್ಬಿಡು. ದೊಡ್ಡದಾದ್ಮೇಲೆ ಕಿತ್ತು ನೆಟ್ರೆ ನಮ್ಮತ್ತೆ ಥರ, ಎಲ್ಲೂ ಹೊಂದ್ಕೊಳಲ್ಲ" ಎನ್ನುತ್ತಾಳೆ. ಎಲೆ ಉದುರಿದ ಚಳಿಗಾಲದಲ್ಲೂ ಒಣಗಿದ ಕಾಯಿ ತಡವಿ, ಅಂಕುಡೊಂಕು ಕಡ್ಡಿ ಸವರಿ ಮರದ ಗುರುತು ಹಿಡಿಯುತ್ತಾಳೆ. ಏಪ್ರಿಲ್‌ನಲ್ಲಿ ಎಲೆಗೂ ಮೊದಲೇ ಕಾಂಡದ ತುಂಬ ಹೂ ಮುತ್ತಿದ ಮೇಲೆ ಮರಳಿ ಬರುವ ಚಳಿಗೆ ಊರವರು 'ರೆಡ್‌ಬಡ್ ಚಳಿ' ಎನ್ನುತ್ತಾರೆ. ಅದು ಕಳೆಯುವ ಮುಂಚೆ ಟೊಮೆಟೊ ಸಸಿ ನೆಟ್ಟವರಿಗೆ ಅಜ್ಜಿಯ ಬೈಗುಳ ತಪ್ಪಿದ್ದಲ್ಲ. ಅವಳ ಪರೀಕ್ಷೆಯೂ ಆಗಲೇ ಶುರು. ತನ್ನ ಗೇಟಿನ ರೆಡ್‌ಬಡ್ ಮರದ ಮುಂದೆ ಹಾದವರನ್ನೆಲ್ಲ ತಡೆದು, "ಈ ಸಲ ಹೂವಿನ ಬಣ್ಣ ಹೇಗಿದೆ ಹೇಳು" ಎನ್ನುತ್ತಾಳೆ. ಅಂಚೆಯ ಡೆಲ್ಮರ್ ಆರು ವರ್ಷದಿಂದ ಫೇಲು. ಅವನು "ಗುಲಾಬಿ" ಎಂದರೆ, "ಯಾವ ಗುಲಾಬಿಯೋ? ಹಂದಿಮರೀದೋ, ಪಾದ್ರಿ ಮೂಗಿಂದೋ?" ಎಂದು ದಬಾಯಿಸುತ್ತಾಳೆ. ಈ ವರ್ಷ ಬೇಸತ್ತ ಡೆಲ್ಮರ್ ಹೂವಿನ ಕೊಂಬೆಯನ್ನೇ ಮುರಿದು ಅವಳ ಮುಖದೆದುರು ಹಿಡಿದು, "ನೀವೇ ನೋಡ್ಕೊಳ್ಳಿ ಅಜ್ಜಿ" ಎಂದ. ಅಜ್ಜಿಯ ಕೈ ಕೊಂಬೆಯಿಂದ ಮೊಳದಷ್ಟು ಆಚೆ ಗಾಳಿಯಲ್ಲಿ ತಡಕಾಡಿತು. ಡೆಲ್ಮರ್ ಅಂಚೆಚೀಲ ಕೆಳಗಿಟ್ಟ. ಕೊಂಬೆಯನ್ನು ಅವಳ ಬೆರಳಿಗೆ ತಾಗಿಸಿ, "ಹಂದಿಮರಿ ಕಿವಿ ಹಿಂದಿಂದ ಬಿಸಿಲು ಬಿದ್ದ ಹಾಗಿದೆ ಅಜ್ಜಿ. ಮೊಗ್ಗಿನ ಮೇಲೆ ಮಾತ್ರ ಒಂಚೂರು ದ್ರಾಕ್ಷಿ ರಸ ಚೆಲ್ಲಿದ ಹಾಗೆ" ಎಂದು ನಿಧಾನವಾಗಿ ಹೇಳಿದ. ಅಜ್ಜಿ ಕಣ್ಣು ಮುಚ್ಚಿಕೊಂಡು ಕೇಳಿದಳು. "ಹಾಂ, ಈಗ ಕಾಣ್ತು" ಎಂದಳು. "ಪಾಸು ಕಣೋ ನೀನು."