ಸದ್ದು ಮಾಡದ ಬೆಲ್ಟು

ಕಿವಿ ಮೇಸ್ತ್ರಿ ಎಂದರೆ ಆ ಸುತ್ತಮುತ್ತ ತಿಳಿಯದವರಿಲ್ಲ. ಹೆತ್ತವರು ಇಟ್ಟ ಹೆಸರು ಮತದಾರರ ಪಟ್ಟಿಯಲ್ಲಿ ಮಾತ್ರ ಉಳಿದಿತ್ತು. ಹೆದ್ದಾರಿಯ ಬದಿ, ಟೈರಿನ ಅಂಗಡಿಗೂ ಮರದ ಡಿಪೋಗೂ ನಡುವೆ ಅವನ ತಗಡಿನ ಶೆಡ್ಡು. ಗಾಡಿ ಬಂದು ನಿಂತರೆ ಅವನು ಮೊದಲು ಸ್ಪ್ಯಾನರ್ ಮುಟ್ಟುವವನಲ್ಲ. ಇಂಜಿನ್ ಓಡುತ್ತಿರಲಿ ಎಂದು ಕೈಸನ್ನೆ ಮಾಡಿ, ಮೊಳದುದ್ದದ ಸ್ಕ್ರೂಡ್ರೈವರಿನ ತುದಿಯನ್ನು ಇಂಜಿನ್ನಿನ ಮೈಗೆ ಒತ್ತಿ, ಹಿಡಿಯನ್ನು ಕಿವಿಗೆ ಆನಿಸಿ ಕಣ್ಣು ಮುಚ್ಚುತ್ತಿದ್ದ. ಎರಡು ನಿಮಿಷ ಕಳೆದ ಮೇಲೆ, “ಪಂಪಿನ ಬೇರಿಂಗು ಹಲ್ಲು ಕಡೀತಾ ಇದೆ” ಎನ್ನುತ್ತಿದ್ದ. ಬಿಚ್ಚಿ ನೋಡಿದರೆ ಅದೇ. ಓದಿದ್ದು ಮೂರನೇ ಕ್ಲಾಸು. ಕಲಿಸಿದವರು ಯಾರೂ ಇಲ್ಲ. ಹೊಟ್ಟೆಯೇ ಗುರು, ಕಿವಿಯೇ ಪುಸ್ತಕ.

ಅಂಥವನಲ್ಲಿ ಒಂದು ವಿಚಿತ್ರ ಹಟವಿತ್ತು. ಹನ್ನೊಂದು ವರ್ಷದಿಂದ ಅವನು ಇಂಜಿನ್ನಿನೊಳಗೆ ಚೈನಿನ ಬದಲು ರಬ್ಬರಿನ ಟೈಮಿಂಗ್ ಬೆಲ್ಟ್ ಇರುವ ಕಾರುಗಳನ್ನು ಮುಟ್ಟುತ್ತಿರಲಿಲ್ಲ. “ಚೈನ್ ಇದ್ರೆ ಇಲ್ಲಿ ಬಿಡು, ಬೆಲ್ಟ್ ಇದ್ರೆ ಮುಂದೆ ಹೋಗು” ಎನ್ನುತ್ತಿದ್ದ. ಟೈರಿನವನು, “ಮೇಸ್ತ್ರಿಗೆ ರಬ್ಬರ್ ಕಂಡ್ರೆ ಆಗಲ್ಲ, ಅದಕ್ಕೇ ನನ್ನ ಅಂಗಡಿ ಕಡೆ ಮುಖಾನೂ ಹಾಕಲ್ಲ” ಎಂದು ನಗಾಡುತ್ತಿದ್ದ. ಮೇಸ್ತ್ರಿಯೂ ನಗುತ್ತಿದ್ದ. ಆ ನಗೆ ಗಂಟಲಿನಿಂದ ಕೆಳಗೆ ಇಳಿಯುತ್ತಿರಲಿಲ್ಲ.

ಹನ್ನೊಂದು ವರ್ಷದ ಹಿಂದೆ ಅವನ ಭಾವ, ಎಂದರೆ ಅಕ್ಕನ ಗಂಡ, ತನ್ನ ಬೂದು ಬಣ್ಣದ ಕಾರನ್ನು ಇದೇ ಶೆಡ್ಡಿಗೆ ತಂದು ನಿಲ್ಲಿಸಿದ್ದ. “ಬೆಲ್ಟ್ ಬದಲಾಯಿಸೋ ಹೊತ್ತಾಯ್ತು ಅಂತಾರಪ್ಪ, ನಿನ್ನ ಕಿವಿ ಏನನ್ನುತ್ತೆ?” ಎಂದು ಕೇಳಿದ್ದ. ಮೇಸ್ತ್ರಿ ಕಿವಿ ಕೊಟ್ಟು ಕೇಳಿದ. ಇಂಜಿನ್ ತೊಟ್ಟಿಲಲ್ಲಿ ಮಲಗಿದ ಮಗುವಿನ ಹಾಗೆ ಉಸಿರಾಡುತ್ತಿತ್ತು. “ಇನ್ನೂ ಗಟ್ಟಿ ಇದೆ ಭಾವ, ಒಂದು ವರ್ಷ ಯೋಚನೆ ಮಾಡಬೇಡಿ” ಎಂದ. ಭಾವ ಅವನ ಬೆನ್ನು ತಟ್ಟಿ, “ನಿನ್ನ ಕಿವಿಗಿಂತ ಗ್ಯಾರಂಟಿ ಬೇಕೇನೋ!” ಎಂದು ಹೋದ.

ಮೇಸ್ತ್ರಿ ಕಲಿತದ್ದೆಲ್ಲ ಚೈನಿನ ಇಂಜಿನ್ನುಗಳ ಮೇಲೆ. ಚೈನ್ ಸಡಿಲವಾದರೆ ಗೆಜ್ಜೆ ಕಟ್ಟಿದ ಹಾಗೆ ಗಲಗಲ ಎನ್ನುತ್ತದೆ, ವರ್ಷಗಟ್ಟಲೆ ಎಚ್ಚರಿಸುತ್ತದೆ. ಬೆಲ್ಟಿಗೆ ಬಾಯಿಲ್ಲ. ಹಲ್ಲಿರುವ ರಬ್ಬರಿನ ಒಂದು ಉಂಗುರ ಅದು. ಇಂಜಿನ್ನಿನ ಕೆಳಗಿನ ತಿರುಗಾಟಕ್ಕೂ ಮೇಲಿನ ತಿರುಗಾಟಕ್ಕೂ ಹೊತ್ತು ತಪ್ಪದಂತೆ ನಂಟು ಕಟ್ಟುತ್ತದೆ. ಹರಿಯುವ ಗಳಿಗೆಯವರೆಗೂ ಮೌನವಾಗಿರುತ್ತದೆ. ಮಾತಾಡದವನ ಬಾಯಿಗೆ ಮೇಸ್ತ್ರಿ ಕಿವಿಯಿಟ್ಟು ಕೂತಿದ್ದ. ಅಲ್ಲಿಂದ ನಾಲ್ಕನೇ ತಿಂಗಳು ಒಂದು ಸಂಜೆ, ಮೇಲ್ಸೇತುವೆಯ ಏರಿನಲ್ಲಿ ಬೆಲ್ಟ್ ಹರಿಯಿತು. ಕಾರು ಏರಿನಲ್ಲೇ ಉಸಿರು ನಿಲ್ಲಿಸಿತು. ಹಿಂದೆ ಬರುತ್ತಿದ್ದ ಬಸ್ಸು ಗುದ್ದಿತು. ಭಾವ ಆಸ್ಪತ್ರೆ ಮುಟ್ಟಲಿಲ್ಲ.

ಬಸ್ಸಿನ ಡ್ರೈವರ್ ಒಂದೇ ಮಾತು ಹೇಳುತ್ತಿದ್ದ: “ಆ ಕಾರಿನ ಬ್ರೇಕ್ ಲೈಟ್ ಹೊತ್ತಲೇ ಇಲ್ಲ ಸ್ವಾಮಿ, ಸುಮ್ಮನೆ ನಿಂತುಬಿಡ್ತು.” ಯಾರೂ ನಂಬಲಿಲ್ಲ. ತೂಕಡಿಸಿದ್ದಾನೆ ಎಂದರು. ಜಖಂ ಆದ ಕಾರನ್ನು ಮೇಸ್ತ್ರಿಯ ಶೆಡ್ಡಿಗೇ ಎಳೆದು ತಂದಿದ್ದರು. ಅವನು ಒಬ್ಬನೇ ನಿಂತು ಬೆಲ್ಟಿನ ಕವರ್ ಬಿಚ್ಚಿದ. ಹರಿದ ಬೆಲ್ಟಿನಲ್ಲಿ ಗೇಣುದ್ದಕ್ಕೆ ಒಂದು ಹಲ್ಲೂ ಉಳಿದಿರಲಿಲ್ಲ. ಬ್ರೇಕ್ ಒತ್ತದೆ ನಿಂತ ಗಾಡಿಗೆ ಲೈಟ್ ಎಲ್ಲಿಂದ ಹೊತ್ತೀತು? ಡ್ರೈವರ್ ಹೇಳಿದ್ದು ಅಕ್ಷರಶಃ ನಿಜ. ಮೇಸ್ತ್ರಿ ಆ ಬೆಲ್ಟನ್ನು ಶೆಡ್ಡಿನ ಹಿಂದೆ ಹಳೇ ಬಟ್ಟೆಯ ಜೊತೆ ಸುಟ್ಟ. ವಿಚಾರಣೆಗೆ ಬಂದ ಅಧಿಕಾರಿ ಬ್ರೇಕು, ಲೈಟು ಮಾತ್ರ ನೋಡಿದರು, ಎರಡೂ ಸರಿಯಿದ್ದವು. “ಗಾಡಿಗೆ ಏನಾದ್ರೂ ದೋಷ ಇತ್ತಾ?” ಎಂದು ಕೇಳಿದರು. “ಏನೂ ಇರಲಿಲ್ಲ ಸಾರ್, ನಾನೇ ನೋಡ್ಕೊಳ್ತಿದ್ದ ಗಾಡಿ” ಎಂದ. ಆ ಒಂದು ಮಾತಿಗೆ ಡ್ರೈವರಿನ ಕೆಲಸ ಹೋಯಿತು, ಲೈಸೆನ್ಸ್ ಹೋಯಿತು.

ಅಂದಿನಿಂದ ಯಾವ ಕಾರಿನ ಬಾನೆಟ್ ಎತ್ತಿದರೂ ಮೇಸ್ತ್ರಿಯ ಮೂಗಿಗೆ ಮೊದಲು ಸುಟ್ಟ ರಬ್ಬರಿನ ವಾಸನೆ. ಇಂಜಿನ್ನಿಗೆ ಕಿವಿ ಕೊಟ್ಟರೆ ಸದ್ದಿನ ಹಿಂದೆ ಇನ್ನೊಂದು ಕೇಳುತ್ತಿತ್ತು: ಏರಿನಲ್ಲಿ ಒಮ್ಮೆಲೇ ಬಿದ್ದ ಮೌನ. ಅದನ್ನು ಅವನು ಕೇಳಿದವನೇ ಅಲ್ಲ, ಆ ಹೊತ್ತು ಅಲ್ಲಿರಲೂ ಇಲ್ಲ. ಆದರೂ ಕೇಳುತ್ತಿತ್ತು. ಜನ ಅವನ ಕಿವಿ ಹೊಗಳಿದರೆ ಕುಂಬಳಕಾಯಿ ಕಳ್ಳ ಹೆಗಲು ಮುಟ್ಟಿಕೊಂಡ ಹಾಗೆ ಕಿವಿ ಮುಟ್ಟಿಕೊಳ್ಳುತ್ತಿದ್ದ. ಅಕ್ಕನ ಮನೆಗೆ ವಾರಕ್ಕೊಮ್ಮೆ ಹೋಗುತ್ತಿದ್ದ. ನಲ್ಲಿ, ಫ್ಯಾನು ಏನು ಕೆಟ್ಟರೂ ಸರಿಮಾಡುತ್ತಿದ್ದ. ಅಕ್ಕ ಅವನ ತಟ್ಟೆಗೆ ಎರಡನೇ ಸಲ ಬಡಿಸುತ್ತ, “ಆ ಬಸ್ಸಿನವನ ಕೈ ಸೇದಿಹೋಗಲಿ” ಎಂದು ಶಪಿಸುತ್ತಿದ್ದಳು. ಮೇಸ್ತ್ರಿ ತಲೆ ತಗ್ಗಿಸಿ ನೀರು ಕುಡಿಯುತ್ತಿದ್ದ.

ಒಂದು ಭಾನುವಾರ ಬೆಳಗ್ಗೆ ಅಕ್ಕನ ಮಗಳು ಶೆಡ್ಡಿನ ಮುಂದೆ ಒಂದು ಕಾರು ನಿಲ್ಲಿಸಿದಳು. ಮನೆಮನೆಗೆ ಹೋಗಿ ಪರೀಕ್ಷೆಗೆ ರಕ್ತ ತೆಗೆದುಕೊಂಡು ಬರುವ ಕೆಲಸ ಅವಳದು. ಹದಿನಾಲ್ಕು ವರ್ಷದ ಹಳೇ ಕಾರು. ಬಣ್ಣ ಬಿಳಿ, ಆದರೆ ಮಾದರಿ ಭಾವನ ಕಾರಿನದೇ.

“ಹೇಗಿದೆ ಮಾವ? ನಿನ್ನೆ ತಗೊಂಡೆ. ನಾಳೆಯಿಂದ ಇದರಲ್ಲೇ ಕೆಲಸಕ್ಕೆ.”

“ನನ್ನ ಒಂದು ಮಾತು ಕೇಳ್ದೆ ತಗೊಂಡ್ಯಾ?”

“ಕೇಳಿದ್ರೆ ನೀನು ಬೇಡ ಅಂತಿದ್ದೆ. ಆಮೇಲೆ ಅಮ್ಮನೂ ಬೇಡ ಅಂತಿದ್ಲು. ನಿಮ್ಮಿಬ್ಬರ ಬಾಯಿಗೆ ಬಿದ್ರೆ ನಾನು ಈ ಜನ್ಮದಲ್ಲಿ ಸೈಕಲ್ ಕೂಡ ಹತ್ತಲ್ಲ.” ಅವಳು ನಕ್ಕು ಇಂಜಿನ್ ಚಾಲೂ ಮಾಡಿದಳು. “ಬೆಲ್ಟ್ ಎರಡು ವರ್ಷದ ಹಿಂದೆ ಹಾಕಿಸಿದೀನಿ ಅಂದ ಮಾರಿದವನು. ಸ್ವಲ್ಪ ಕಿವಿ ಇಟ್ಟು ಹೇಳು ಮಾವ.”

ಅದೇ ಪ್ರಶ್ನೆ, ಅದೇ ನಗು. ಮುಖದಲ್ಲಿ ಭಾವನದೇ ಅಚ್ಚು. ಮೇಸ್ತ್ರಿ ಕೈ ಚಾಚಿ ಕೀಲಿ ತಿರುಗಿಸಿ ಇಂಜಿನ್ ನಿಲ್ಲಿಸಿದ.

“ಕಿವಿ ಇಡೋದಿಲ್ಲ ಮಗಳೇ. ಬೇರೆ ಕಡೆ ತಗೊಂಡು ಹೋಗು” ಎನ್ನಲು ಬಾಯಿ ತೆರೆದವನು ಅಷ್ಟಕ್ಕೇ ನಿಂತ. ಬೇರೆಯವನೂ ಕಿವಿಯಿಟ್ಟು ಗಟ್ಟಿಯಿದೆ ಎಂದುಬಿಟ್ಟರೆ? “ಬಿಚ್ಚಿ ನೋಡಬೇಕು. ನೋಡೋದಷ್ಟೇ ಅಲ್ಲ, ಬದಲಾಯಿಸಲೇಬೇಕು. ನಡಿ, ಅಂಗಡಿಗೆ ಹೋಗೋಣ” ಎಂದ.

ಬಿಡಿಭಾಗದ ಅಂಗಡಿಯವನು ಮೇಸ್ತ್ರಿಯನ್ನು ಕಂಡು ಕನ್ನಡಕ ಏರಿಸಿದ. “ಏನ್ ಮೇಸ್ತ್ರಿ, ದಾರಿ ತಪ್ಪಿ ಬಂದ್ರಾ? ಬೆಲ್ಟಾ? ನೀವಾ?”

“ಇಂಜಿನ್ ನಂಬರ್ ಬರ್ಕೋ. ಮಾದರಿ ನೋಡಿ ಕೊಡಬೇಡ. ಒಂದೇ ಮಾದರಿಗೆ ಎರಡು ಇಂಜಿನ್ ಬಂದಿದಾವೆ.”

ಅವನು ಎರಡು ಡಬ್ಬಿ ತಂದಿಟ್ಟ. ಮೇಸ್ತ್ರಿ ಒಂದರ ಬೆಲ್ಟನ್ನು ಹೊರತೆಗೆದು ಹಲ್ಲು ಎಣಿಸಿದ, ಎರಡನೇ ಸಲವೂ ಎಣಿಸಿದ, ಅಗಲಕ್ಕೆ ಅಳತೆಪಟ್ಟಿ ಹಿಡಿದ. ಬೆನ್ನಿನ ಮೇಲೆ ಅಚ್ಚಾದ ತಾರೀಖು ಓದಿದ. ಅದು ಆರು ವರ್ಷದಿಂದ ಕಪಾಟಿನಲ್ಲಿ ಕೂತದ್ದು. ಜೊತೆಗೆ ದಾರ ಸುತ್ತಿ ಮಡಿಸಿಟ್ಟ ಕಡೆ ಬಾಗಿದ ಗೆರೆ ಬಿದ್ದಿತ್ತು.

“ಮಡಚಿದ ಬೆಲ್ಟು ಒಳಗೇ ಮುರಿದಿರುತ್ತೆ. ತೆಗಿ ಇದನ್ನ.”

“ಹೊಸದು ಕಣ್ರೀ, ಡಬ್ಬಿ ಕೂಡ ಒಡೆದಿರಲಿಲ್ಲ!”

“ಮದುವೆ ಆಗದೆ ಕೂತವನೂ ಮುದುಕ ಆಗ್ತಾನಪ್ಪ.”

ಅಕ್ಕನ ಮಗಳು ಕಿಸಕ್ಕೆಂದಳು. ಮೇಸ್ತ್ರಿ ಈ ವರ್ಷದ ತಾರೀಖಿನದನ್ನು ಆರಿಸಿದ. ಬೆಲ್ಟನ್ನು ಬಿಗಿ ಹಿಡಿಯುವ ಟೆನ್ಷನರ್ ಗಾಲಿಯನ್ನೂ ವಾಟರ್ ಪಂಪನ್ನೂ ಹೊಸದೇ ತೆಗೆದುಕೊಂಡ. “ಹೊಸ ಬೆಲ್ಟನ್ನ ಹಳೇ ಗಾಲಿ ಮೇಲೆ ಹಾಕಿದ್ರೆ, ಗಾಲಿ ಜಾಮ್ ಆಗಿ ಅದೇ ಬೆಲ್ಟನ್ನ ತಿಂದು ಹಾಕುತ್ತೆ” ಎಂದು ಅವಳಿಗೆ ತಿಳಿಸಿದ.

ಶೆಡ್ಡಿಗೆ ಬಂದು ಚಕ್ರ ಕಳಚಿ, ಇಂಜಿನ್ನಿಗೆ ಜಾಕ್ ಆನಿಸಿ, ಅದನ್ನು ಚೌಕಟ್ಟಿಗೆ ಹಿಡಿದಿಟ್ಟ ಪಕ್ಕದ ಮೌಂಟ್ ಬಿಚ್ಚಿದ. ಕೆಳಗಿನ ಬೋಲ್ಟಿಗೆ ಸ್ಪ್ಯಾನರ್ ಹಾಕಿ ಇಂಜಿನ್ನನ್ನು ಕೈಯಿಂದಲೇ ಮೆಲ್ಲಗೆ ತಿರುಗಿಸಿ, ಮೇಲಿನ ಗಾಲಿಯ ಗುರುತು, ಕೆಳಗಿನ ಗಾಲಿಯ ಗುರುತು ಎರಡನ್ನೂ ತಮ್ಮ ತಮ್ಮ ಗೆರೆಗೆ ತಂದು ನಿಲ್ಲಿಸಿದ. ಬಿಳಿ ಬಣ್ಣದಲ್ಲಿ ಅವುಗಳ ಮೇಲೆ ಮತ್ತೊಂದು ಚುಕ್ಕೆ ಇಟ್ಟ. ಚುಕ್ಕೆ ಗೆರೆಯಾಗಿ ಉದ್ದವಾಯಿತು. ಒರೆಸಿ ಮತ್ತೆ ಇಟ್ಟ. ಬೆಲ್ಟಿನ ಕವರ್ ಬಿಚ್ಚಿದಾಗಿನಿಂದ ಸುಟ್ಟ ವಾಸನೆ ಮೂಗಿಗೆ ಅಡರುತ್ತಿತ್ತು. “ಏನಾದ್ರೂ ಸುಡ್ತಾ ಇದೆಯಾ?” ಎಂದು ಕೇಳಿದ. “ಇಲ್ವಲ್ಲ ಮಾವ” ಎಂದಳು ಅವಳು.

ಹಳೇ ಬೆಲ್ಟ್ ಕೈಗೆ ಬಂತು. ನೋಡಲು ಕಪ್ಪಗೆ, ನುಣ್ಣಗೆ, ಒಂದು ನೂಲೂ ಎದ್ದಿರಲಿಲ್ಲ. ಮೇಸ್ತ್ರಿ ಅದನ್ನು ಹಿಂದಕ್ಕೆ ಬಗ್ಗಿಸಿ ಬೆಳಕಿಗೆ ಹಿಡಿದ. ಒಂದೊಂದು ಹಲ್ಲಿನ ಬುಡದಲ್ಲೂ ಕೂದಲೆಳೆಯಂಥ ಬಿರುಕು.

“ಎರಡು ವರ್ಷದ್ದಲ್ಲ ಇದು” ಎಂದ.

ಅವಳು ಬೆಲ್ಟನ್ನು ಇಸಕೊಂಡು ತಾನೂ ಬಗ್ಗಿಸಿದಳು. ನಗು ಇಳಿಯಿತು. “ಸದ್ದೇ ಇರಲಿಲ್ಲವಲ್ಲ. ಇದು ಓಡ್ತಾ ಇರೋವಾಗ ಹರಿದ್ರೆ ಏನಾಗುತ್ತೆ?”

“ಇಂಜಿನ್ ನಿಂತುಹೋಗುತ್ತೆ. ವಾಲ್ವು, ಪಿಸ್ಟನ್ನು ಒಂದಕ್ಕೊಂದು ಬಡಿದುಕೊಳ್ಳುತ್ತೆ. ಗಾಡಿ ಇದ್ದಲ್ಲೇ...”

“ಬ್ರೇಕ್ ಒತ್ತದೇನೇ ನಿಂತುಬಿಡುತ್ತಾ?”

ಅವಳು ಬೆಲ್ಟಿನಿಂದ ಕಣ್ಣೆತ್ತಿದಳು. ಬಸ್ಸಿನವನ ಮಾತನ್ನು ಅವಳೂ ಕೇಳಿ ಬೆಳೆದವಳೇ. “ಮಾವ, ಅಪ್ಪನ ಕಾರಲ್ಲೂ ಬೆಲ್ಟೇ ಇತ್ತಾ?”

ಸುಳ್ಳು ಹೇಳಲು ಇನ್ನೂ ದಾರಿಯಿತ್ತು. ಒಂದು ‘ಗೊತ್ತಿಲ್ಲ’ ಸಾಕಿತ್ತು. ಆದರೆ ನಾಳೆ ಈ ಕಾರಿನಲ್ಲಿ ಕೂರುವವಳು ಇವಳು. ಅವಳ ಅಪ್ಪನಿಗೆ ಹೇಳಿದ ಒಂದು ಸುಳ್ಳು ಭರವಸೆಯ ಮೇಲೆ ಇನ್ನೊಂದನ್ನು ಪೇರಿಸಲು ನಾಲಿಗೆ ಏಳಲಿಲ್ಲ. ಮೇಸ್ತ್ರಿ ಎಣ್ಣೆಯ ಕೈಯನ್ನು ಮೊಣಕಾಲ ಮೇಲಿಟ್ಟುಕೊಂಡು ನೆಲದ ಮೇಲೇ ಕೂತ. ಕಿವಿಯಿಟ್ಟದ್ದು, ಗಟ್ಟಿಯಿದೆ ಎಂದದ್ದು, ಸುಟ್ಟದ್ದು, ಅಧಿಕಾರಿಯ ಮುಂದೆ ಹೇಳಿದ್ದು ಎಲ್ಲವನ್ನೂ ಹೇಳಿದ. ಟೈರಿನ ಅಂಗಡಿಯಲ್ಲಿ ಗಾಳಿಯ ಯಂತ್ರ ಬುಸುಗುಟ್ಟುತ್ತಿತ್ತು.

ಅವಳು ಅಳಲಿಲ್ಲ, ಬೈಯಲೂ ಇಲ್ಲ. ಹಳೇ ಬೆಲ್ಟನ್ನು ಅವನ ಮುಂದಿಟ್ಟು, “ಕೆಲಸ ಮುಗಿಸು. ಆಮೇಲೆ ಅಮ್ಮನ ಹತ್ತಿರ ಹೋಗೋಣ. ನೀನೇ ಹೇಳಬೇಕು” ಎಂದಳು.

ಮೇಸ್ತ್ರಿ ಎದ್ದ. ಪಂಪು, ಗಾಲಿ ಕೂರಿಸಿದ. ಹೊಸ ಬೆಲ್ಟನ್ನು ಕೆಳಗಿನಿಂದ ಮೇಲಕ್ಕೆ, ಒಂದು ಬದಿ ಬಿಗಿಯಾಗಿ ಇಟ್ಟುಕೊಂಡು ಹಲ್ಲಿಗೆ ಹಲ್ಲು ಕೂರಿಸಿ, ಸಡಿಲನ್ನೆಲ್ಲ ಟೆನ್ಷನರ್ ಕಡೆಗೆ ತಂದು ಬಿಗಿದ. ಇಂಜಿನ್ನನ್ನು ಕೈಯಲ್ಲೇ ಎರಡು ಪೂರಾ ಸುತ್ತು ತಿರುಗಿಸಿದ. ಗುರುತುಗಳು ಮತ್ತೆ ತಮ್ಮ ಗೆರೆಗೇ ಬಂದವು. ಸಾಲದೆಂದು ಇನ್ನೆರಡು ಸುತ್ತು ತಿರುಗಿಸಿ, “ನೀನೇ ನೋಡು, ನನ್ನ ಮಾತು ನಂಬಬೇಡ” ಎಂದು ಟಾರ್ಚನ್ನು ಅವಳ ಕೈಗೆ ಕೊಟ್ಟ. ಅವಳು ಬಗ್ಗಿ, ಎರಡು ಗುರುತನ್ನೂ ಬೆರಳಿಟ್ಟು ನೋಡಿ, “ಸರಿ ಇದೆ” ಎಂದಳು.

ಅಕ್ಕ ವರಾಂಡದಲ್ಲಿ ಬಟ್ಟೆ ಮಡಿಸುತ್ತಿದ್ದಳು. ಮೇಸ್ತ್ರಿ ನಿಂತೇ ಹೇಳಿದ. ಅವಳ ಕೈ ಒಂದು ದಿಂಬಿನ ಚೀಲದ ಮೇಲೆ ನಿಂತಿತು. ಅವನು ಏಟಿಗೆ ಕಾದಿದ್ದ, ಗೋಳಿಗೆ ಕಾದಿದ್ದ. ಬಂದದ್ದು ಬೇರೆಯೇ.

“ಹನ್ನೊಂದು ವರ್ಷ ಕಣೋ” ಎಂದಳು ಅಕ್ಕ. “ದಿನಾ ಎದ್ದು ಮುಖ ತೊಳೆಯೋ ಮೊದಲು ಅವನಿಗೆ ಶಾಪ ಹಾಕ್ತಿದ್ದೆ. ನೀನು ಪಕ್ಕದಲ್ಲೇ ಕೂತು ಊಟ ಮಾಡ್ತಿದ್ದೆ. ನನ್ನ ಶಾಪ ಎಲ್ಲ ತಪ್ಪು ಮನೆಗೆ ಹೋಯ್ತಲ್ಲೋ. ಅದನ್ನ ವಾಪಸ್ ತರೋದು ಹೇಗೆ, ಹೇಳು?”

“ಅಕ್ಕಾ...”

“ಅಕ್ಕ ಅನ್ನಬೇಡ ಈಗ. ಕಿವಿ ತಪ್ಪು ಕೇಳಿದ್ದು ಒಂದು ಕಡೆ ಇರಲಿ, ಅವರೇ ಇದ್ದಿದ್ರೂ ನಕ್ಕು ಬಿಡ್ತಿದ್ರು. ಬಾಯಿ ಮುಚ್ಕೊಂಡಿದ್ದು ಇದೆಯಲ್ಲ, ಅದು. ಆ ಡ್ರೈವರ್ ಎಲ್ಲಿದಾನೆ?”

ಮೇಸ್ತ್ರಿಗೆ ಗೊತ್ತಿತ್ತು. ಹನ್ನೊಂದು ವರ್ಷವೂ ಗೊತ್ತಿತ್ತು. ಹಳೇ ಬಸ್ ಡಿಪೋದ ಹಿಂದಿನ ಸಾಲುಮನೆಗಳಲ್ಲಿ ಕೊನೆಯದು. ಆ ಬೀದಿ ತಪ್ಪಿಸಲು ಅವನು ಎಷ್ಟು ಸಲ ಸುತ್ತುದಾರಿ ಹಿಡಿದಿದ್ದನೋ.

“ನಡಿ” ಎಂದು ಅಕ್ಕ ಚಪ್ಪಲಿ ಮೆಟ್ಟಿದಳು.

ಮಗಳು ಕಾರು ನಡೆಸಿದಳು. ಅಕ್ಕ ಮುಂದೆ ಕೂತಳು, ಮೇಸ್ತ್ರಿ ಹಿಂದೆ. ಮೇಲ್ಸೇತುವೆಯ ಏರು ಬಂದಾಗ ಮೇಸ್ತ್ರಿ ಕಣ್ಣು ಮುಚ್ಚಿ ಸೀಟನ್ನು ಹಿಡಿದುಕೊಂಡ. ಏರು ಕಳೆಯಿತು. ಹಿಂದೆ ಒಂದು ಬಸ್ಸು ಬರುತ್ತಿರುವ ಸದ್ದು ಮಾತ್ರ, ಬಸ್ಸು ಬೇರೆ ದಾರಿಗೆ ತಿರುಗಿದ ಮೇಲೂ, ಅವನ ಬೆನ್ನ ಹಿಂದೆಯೇ ಬಂತು.

ಬಾಗಿಲು ತೆರೆದವನು ಬಿಳಿ ಗಡ್ಡದ ಒಣಕಲು ಮನುಷ್ಯ. ಗೋಣಿಚೀಲ ಹೊಲಿಯುವ ದಬ್ಬಣ ಕೈಯಲ್ಲಿತ್ತು. ಅಕ್ಕನನ್ನು ಗುರುತಿಸಿದ ಕೂಡಲೇ ಎರಡು ಹೆಜ್ಜೆ ಹಿಂದೆ ಸರಿದ.

“ಅಮ್ಮಾ, ನಾನು ಆವತ್ತೇ ಹೇಳಿದ್ದೆ...”

“ಹೇಳಿದ್ರಿ. ನಾವು ಕೇಳಲಿಲ್ಲ” ಎಂದಳು ಅಕ್ಕ. “ಇವನು ನನ್ನ ತಮ್ಮ. ಇವತ್ತು ಇವನು ಹೇಳ್ತಾನೆ, ನೀವು ಕೇಳಿ.”

ಮೇಸ್ತ್ರಿ ಹೇಳಲು ತೊಡಗಿದ. ಬೆಲ್ಟ್ ಹರಿದ ಸುದ್ದಿ ಬರುತ್ತಿದ್ದಂತೆ ಆ ಮನುಷ್ಯ ಕೈ ಎತ್ತಿ ತಡೆದ. ಒಳಗಿನ ಕೋಣೆಯ ಕಡೆ ತಿರುಗಿ, “ಏ ಇವಳೇ, ಹೊರಗೆ ಬಾ ಬೇಗ. ಮಗನನ್ನೂ ಕರಿ” ಎಂದು ಕೂಗಿದ. ಆಮೇಲೆ ಮೇಸ್ತ್ರಿಗೆ ಮೆಲ್ಲಗೆ ಹೇಳಿದ: “ನಾನು ತೂಕಡಿಸಿರಲಿಲ್ಲ ಅಂತ ಇವರಿಬ್ಬರೂ ಇವತ್ತಿನವರೆಗೆ ನಂಬಿಲ್ಲಪ್ಪ. ಅವರು ಬಂದು ಕೂತ್ಕೊಳ್ಳಲಿ. ಆಮೇಲೆ ಮೊದಲಿಂದ ಹೇಳು.”

ಒಳಗಿನಿಂದ ಒಬ್ಬ ಹೆಂಗಸು ಕೈ ಒರೆಸಿಕೊಳ್ಳುತ್ತ ಬಂದಳು, ಅವಳ ಹಿಂದೆ ಮೀಸೆ ಬಲಿತ ಮಗ. ಇಬ್ಬರೂ ಚಾಪೆಯ ಮೇಲೆ ಕೂತರು. ಮೇಸ್ತ್ರಿ ಅವರ ಎದುರು ಕೂತು, ಮೊದಲಿನಿಂದ ಹೇಳತೊಡಗಿದ.