ಹೂವಿನ ಆಟೊಗೆ ಹೊಡೆಸಿದ ಕೆಂಪು ಬಣ್ಣ

ಮಲ್ಲಿಗೆ ಸಾಗಿಸುವ ನಮ್ಮ ಲಗೇಜ್ ಆಟೊಗೆ ವಿದೇಶಿ ಫುಟ್‌ಬಾಲ್ ಕ್ಲಬ್ಬೊಂದರ ಕೆಂಪು ಬಣ್ಣ ಹೊಡೆಸಿದ್ದು ನನ್ನ ಮಹಾ ದಡ್ಡತನ. ಆ ಕ್ಲಬ್ಬಿಗೆ ಆಡುತ್ತಿದ್ದ ಲೆಬನಾನ್ ದೇಶದ ಆಟಗಾರ್ತಿಯನ್ನು ಮೊಬೈಲಿನಲ್ಲಿ ನೋಡಿ ನೋಡಿ, ನಾನೇ ಅವಳ ಮ್ಯಾನೇಜರ್ ಎಂಬಂತೆ ನಮ್ಮೂರು ಹಡಗಲಿಯನ್ನೆಲ್ಲ ತಿರುಗುತ್ತಿದ್ದೆ. ಬಣ್ಣ ಒಣಗುವ ಮೊದಲೇ ಅವಳು ಎದುರಾಳಿ ಕ್ಲಬ್ ಸೇರಿ, ನಮ್ಮ ಕೆಂಪಂಗಿಯವರಿಗೇ ಗೋಲು ಹೊಡೆದಳು. ಎರಡು ದಿನ ಊಟ ಬಿಟ್ಟೆ. ಮಿರ್ಚಿ ಮಂಡಕ್ಕಿ ಮಾತ್ರ ಬಿಡಲಿಲ್ಲ.

"ಮೋಸ ಮಾಡಿಬಿಟ್ಳು, ಆಟೊ ಬಣ್ಣ ಬದಲಿಸಿಬಿಡ್ತೀನಿ," ಎಂದು ಗೊಣಗಿದೆ.

ನಮ್ಮೂರ ತಂಡದ ಗೋಲ್‌ಕೀಪರ್ ಆಗಿದ್ದ ತಂಗಿ ಹೂ ಕಟ್ಟುತ್ತಲೇ ಹೇಳಿದಳು: "ನೀ ಎಷ್ಟು ಸಲ ಹೂವಿನ ಮಂಡಿ ಬದಲಿಸಿಲ್ಲಣ್ಣ? ಆಕಿ ಕ್ಲಬ್ ಬಿಟ್ಟಾಳ, ದೇಶದ ಅಂಗಿ ಬಿಟ್ಟಿಲ್ಲ. ಆಡಾಕ ಎಲ್ಲಿ ಕರೀತಾರ ಅಲ್ಲಿ ಹೋಗ್ಯಾಳ. ನಾನೂ ನಮ್ಮೂರ ಟೀಮ್ ಬಿಟ್ಟು ಪಕ್ಕದ ಹರಪನಹಳ್ಳಿ ಟೀಮಿಗೆ ಹೆಸರು ಕೊಟ್ಟೀನಿ. ಅವರ ಅಂಗಿ ಬಣ್ಣ ಗೊತ್ತಾಗೂತನಕ ಆಟೊಕ್ಕ ಬ್ಯಾರೆ ಬಣ್ಣ ಹೊಡಸಬ್ಯಾಡ."