ಗೊಬ್ಬರವನ್ನು ಸ್ಥಳದಲ್ಲಿಯೇ ಬಿಟ್ಟು ಹೋಗತಕ್ಕದ್ದು

ಯಲ್ಲಾಪುರದಿಂದ ಬಂದ ರಸ್ತೆ ಅರಬೈಲ್ ಘಟ್ಟ ಇಳಿಯುವ ಮೊದಲು ಸ್ವಲ್ಪ ದೂರ ಸಮತಟ್ಟಾಗಿ ಹೋಗುತ್ತದೆ. ಆ ಸಮತಟ್ಟಿನಲ್ಲಿ ರಸ್ತೆಗೆ ತಾಗಿಕೊಂಡು ನನ್ನದೊಂದು ಹಕ್ಕಲು ಇದೆ. ಹಕ್ಕಲು ಅಂದರೆ ಕಾಡೂ ಅಲ್ಲದ, ಗದ್ದೆಯೂ ಆಗದ, ಕಲ್ಲು-ಹುಲ್ಲಿನ ಬಯಲು. ಅಣ್ಣತಮ್ಮಂದಿರು ಪಾಲಾದಾಗ ಅದನ್ನು ಎಲ್ಲರೂ ಬೇಡವೆಂದರು. ನಾನೂ ಬೇಡ ಅನ್ನಬೇಕೆಂದು ಗಂಟಲು ಸರಿಮಾಡಿಕೊಳ್ಳುವಷ್ಟರಲ್ಲಿ ಮಾತು ಮುಂದಿನ ವಿಷಯಕ್ಕೆ ಹೋಗಿಬಿಟ್ಟಿತ್ತು. ಹಾಗೆ ಅದು ನನ್ನದಾಯಿತು.

ಅದರಲ್ಲಿ ಬೆಳೆಯುವುದು ಏನೂ ಇರಲಿಲ್ಲ. ಆದರೆ ಹಾವೇರಿ, ಧಾರವಾಡದ ಕಡೆಯಿಂದ ಅಕ್ಕಿ, ಮೆಣಸಿನಕಾಯಿ ಹೇರಿಕೊಂಡು ಕರಾವಳಿಗೆ ಹೊರಟ ಎತ್ತಿನ ಗಾಡಿಗಳು ಘಟ್ಟ ಇಳಿಯುವ ಮೊದಲು ಅಲ್ಲಿ ಎತ್ತುಗಳ ಕೊರಳು ಬಿಚ್ಚಿ ನಿಲ್ಲುತ್ತಿದ್ದವು. ದಣಿದ ಎತ್ತು ಕಟ್ಟಿಕೊಂಡು ಆ ಇಳಿಜಾರಿಗೆ ಯಾರೂ ಹೋಗುವುದಿಲ್ಲ. ಕೆಳಗಿನಿಂದ ಉಪ್ಪು, ತೆಂಗಿನಕಾಯಿ, ಹಂಚು ತುಂಬಿಕೊಂಡು ಹತ್ತಿ ಬಂದವರೂ ಅಲ್ಲೇ ನಿಲ್ಲುತ್ತಿದ್ದರು, ಯಾಕೆಂದರೆ ಹತ್ತಿದ ಮೇಲೆ ಎತ್ತುಗಳು ಮುಂದೆ ಹೆಜ್ಜೆಯಿಡಲು ಒಪ್ಪುತ್ತಿರಲಿಲ್ಲ. ಗಾಡಿಯ ಕೆಳಗೆ ಕಂಬಳಿ ಹಾಸಿ ಮಲಗುತ್ತಿದ್ದರು, ಮೂರು ಕಲ್ಲಿಟ್ಟು ಅಡಿಗೆ ಮಾಡುತ್ತಿದ್ದರು. ನನ್ನ ದಂಧೆ ಎಂದರೆ ಇದೇ: ಮನೆ ಬಿಟ್ಟು ಬಂದವರಿಗೆ ಮಲಗಲು ಬಯಲು ಕೊಡುವುದು.

ಬಾಡಿಗೆಯೆಂದು ದುಡ್ಡು ತೆಗೆದುಕೊಳ್ಳುವ ಪದ್ಧತಿ ನಮ್ಮಲ್ಲಿ ಇರಲಿಲ್ಲ. ಎತ್ತುಗಳು ಹಾಕಿದ ಸಗಣಿ ಹಕ್ಕಲಿನವರಿಗೆ ಸೇರಿದ್ದು, ಅಷ್ಟೇ. ಗಾಡಿಯವರು ಬೆಳಿಗ್ಗೆ ಹೊರಡುವಾಗ ಅದನ್ನು ಒಂದು ಮೂಲೆಗೆ ಗುಡಿಸಿಟ್ಟು ಹೋಗುತ್ತಿದ್ದರು. ಸುತ್ತಲಿನ ತೋಟದವರು ಬಂದು ಒಯ್ದು, ಬದಲಿಗೆ ಅಕ್ಕಿ, ಬೆಲ್ಲ ಕೊಡುತ್ತಿದ್ದರು. ಹೀಗೆ ನಮ್ಮ ಮನೆಯ ಊಟ ಪರವೂರಿನ ಎತ್ತುಗಳ ಹೊಟ್ಟೆಯನ್ನು ನಂಬಿಕೊಂಡಿತ್ತು. ಬಂಕಾಪುರದ ಕಡೆಯ ಒಬ್ಬ ಮುದುಕ ಗಾಡಿಯವನು ವರ್ಷವೂ ಬರುತ್ತಿದ್ದ. ಎಲ್ಲೂ ಸಲ್ಲದ ನನ್ನನ್ನು ಬೇಕೆಂದೇ ಸಾಹುಕಾರ ಎಂದು ಕರೆಯುತ್ತಿದ್ದ. ಒಂದು ಸಲ ಹೊರಡುವ ಮೊದಲು ಬಂದು ಬಹಳ ವಿನಯದಿಂದ ಹೇಳಿದ:

“ಸಾವ್ಕಾರ್ರ, ಎಡಗಡಿ ಎತ್ತಿಗೆ ಹೊಟ್ಟಿ ಕೆಟ್ಟೈತಿ. ಈ ಸಲ ಬಾಡಿಗಿ ಸ್ವಲ್ಪ ತೆಳುವಾಗೇತ್ರಿ. ಸಿಟ್ಟಾಗಬ್ಯಾಡ್ರಿ.”

ನಾನು ಸಿಟ್ಟಾಗಲಿಲ್ಲ. ಎತ್ತಿಗೆ ಏನು ರೋಗವೋ, ಅದು ಉಳಿದ ಎತ್ತುಗಳಿಗೂ ತಾಗಿದರೆ ಏನು ಗತಿಯೋ ಎಂದು ವಾರವಿಡೀ ಚಿಂತೆ ಮಾಡಿದೆ.

ಚಿಂತೆ ಮಾಡುವುದು ನನಗೆ ಹುಟ್ಟಿನಿಂದ ಬಂದದ್ದು. ನಮ್ಮ ಜಿಲ್ಲೆ ಮುಂಬಯಿ ರಾಜ್ಯ ಬಿಟ್ಟು ಮೈಸೂರಿಗೆ ಸೇರಿದ ವರ್ಷ ಊರವರೆಲ್ಲ ಖುಷಿಯಲ್ಲಿದ್ದರೆ, ನಾನು ಹೊಸ ಸರಕಾರದ ಯಾರಾದರೂ ಜೀಪಿನಲ್ಲಿ ಬಂದು “ಇದೇನು, ಯಾರ ಗಾಡಿ, ಯಾರು ಹೇಳಿದ್ದು?” ಎಂದು ಕೇಳಿದರೆ ಏನು ಹೇಳುವುದು ಎಂದು ಯೋಚಿಸುತ್ತಿದ್ದೆ. ಕೊನೆಗೆ ಒಂದು ಹಲಗೆ ಕೆತ್ತಿಸಿ, ಸುಣ್ಣದ ಮೇಲೆ ಮಸಿಯಲ್ಲಿ ನಾನೇ ಬರೆದು ರಸ್ತೆಯ ಬದಿಗೆ ನಿಲ್ಲಿಸಿದೆ. ಕಚೇರಿಯ ಕಾಗದ ಓದಿ ಕಲಿತ ಕನ್ನಡ ನನ್ನದು:

‘ಗಾಡಿಯವರಿಗೆ ಇಲ್ಲಿ ಮುಕ್ಕಾಂ ಮಾಡಲು ಪರವಾನಗಿ ಇದೆ. ಬಾಡಿಗೆ ಇಲ್ಲ. ಗೊಬ್ಬರವನ್ನು ಸ್ಥಳದಲ್ಲಿಯೇ ಬಿಟ್ಟು ಹೋಗತಕ್ಕದ್ದು. ಹುಕುಂ ಮೇರೆಗೆ.’

ಮೊದಲು ಸಗಣಿ ಎಂದೇ ಬರೆಯಲು ಹೊರಟಿದ್ದೆ. ಬೋರ್ಡಿನ ಮೇಲೆ ಆ ಮಾತು ಚೆನ್ನಾಗಿ ಕಾಣಲಿಲ್ಲ. ದೊಡ್ಡವರು ಓಡಾಡುವ ರಸ್ತೆ. ಗೊಬ್ಬರ ಎಂದರೆ ಮರ್ಯಾದಸ್ಥ ಮಾತು ಅನ್ನಿಸಿತು. ಹುಕುಂ ಯಾರದು ಎಂದು ಮನೆಯವಳು ಕೇಳಿದಳು. ಕೊನೆಗೆ ಹಾಗೆ ಬರೆಯುವುದು ಪದ್ಧತಿ ಎಂದೆ. ಹೊಸ ಸರಕಾರದ ಜೀಪು ಬಂತು, ಬೋರ್ಡು ನೋಡಿಯೂ ನೋಡದೆ ಅಂಕೋಲೆಗೆ ಹೋಯಿತು. ನಾನು ಗೆದ್ದೆ ಅಂದುಕೊಂಡೆ.

ನಮ್ಮ ನೀರಿನ ವಿಷಯ ಇಲ್ಲೇ ಹೇಳಬೇಕು, ಯಾಕೆಂದರೆ ಮುಂದಿನದೆಲ್ಲ ಅದರಿಂದಲೇ ಆದದ್ದು. ಹಕ್ಕಲಿನ ಮೇಲಿನ ಗುಡ್ಡದಲ್ಲಿ ಬಂಡೆಗಳ ನಡುವೆ ಒಂದು ಒರತೆ ಇದೆ. ಅಲ್ಲಿಂದ ಅಡಿಕೆಮರ ಸೀಳಿ ಮಾಡಿದ ದಂಬೆಯಲ್ಲಿ ನೀರು ಹರಿದು ಬಂದು ಹಕ್ಕಲಿನ ಅಂಚಿನಲ್ಲಿರುವ ನಮ್ಮ ಮನೆಯ ಹಿತ್ತಿಲಿಗೆ ಬೀಳುತ್ತದೆ. ಇದಕ್ಕೆ ಅಬ್ಬಿ ಅನ್ನುತ್ತೇವೆ. ಮನೆಯ ಬಳಕೆ ಮುಗಿದು ಮಿಕ್ಕದ್ದು ಮುಂದೆ ಹರಿದು ಎತ್ತುಗಳ ಕಲ್ಲುಬಾನಿ ತುಂಬುತ್ತದೆ. ಮನೆಯವಳು ಈ ಮನೆಗೆ ಬಂದು ಮೆಚ್ಚಿದ್ದು ಅಬ್ಬಿಯೊಂದನ್ನೇ ಎಂದು ಕಾಣುತ್ತದೆ. ಅವಳ ತವರಾದ ಹುಲೇಕಲ್ಲಿನ ಕಡೆಯ ಮನೆಯಲ್ಲಿ ಆಳದ ಬಾವಿಯಿಂದ ಸೇದಿ ಸೇದಿ ಅವಳ ಕೈ ಗಂಟು ಕಟ್ಟಿತ್ತು. ಇಲ್ಲಿ ಕೊಡ ಇಟ್ಟರೆ ಸಾಕು, ತಾನೇ ತುಂಬುತ್ತಿತ್ತು. ಕೊಡ ತುಂಬುವವರೆಗೆ ಕಲ್ಲಿನ ಮೇಲೆ ಸುಮ್ಮನೆ ಕೂರುವುದು ಅವಳಿಗೆ ದಿನದಲ್ಲಿ ಸಿಗುವ ಒಂದೇ ಬಿಡುವು.

ಒಂದೆರಡು ಮಳೆಗಾಲ ಕಳೆಯುವಷ್ಟರಲ್ಲಿ ಲಾರಿಗಳು ಬಂದವು. ಮೊದಲು ಒಂದೋ ಎರಡೋ. ಆಮೇಲೆ ಅದಿರು ತುಂಬಿದವು ಸಾಲಾಗಿ. ಗಾಡಿಗಳು ಕಡಿಮೆಯಾದವು, ಮೂಲೆಯ ರಾಶಿ ಇಳಿಯಿತು, ತೋಟದವರು ಬಂದು ನೋಡಿ ಬುಟ್ಟಿ ಮಗುಚಿಕೊಂಡು ಹೋದರು. ಆದರೆ ಘಟ್ಟ ಹತ್ತಿ ಬಂದ ಲಾರಿಗೂ ಎತ್ತಿನ ಹಾಗೆಯೇ ಬಾಯಾರುತ್ತದೆ ಎಂದು ಗೊತ್ತಾಯಿತು. ಕಲ್ಲುಬಾನಿಯಿಂದ ಡಬ್ಬದಲ್ಲಿ ನೀರು ಎತ್ತಿ ಇಂಜಿನ್ನಿಗೆ ಹಾಕುವರು, ಅದು ಬುಸ್ಸೆನ್ನುವುದು, ಡ್ರೈವರುಗಳು ನೆರಳಲ್ಲಿ ಕೂರುವರು. ಕೂತವರು ಚಹಾ ಕೇಳಿದರು. ಮನೆಯವಳು ಜಗಲಿಯಲ್ಲೇ ಒಲೆ ಹೂಡಿದಳು. ಚಹಾ, ಅವಲಕ್ಕಿ ನಡೆಯಿತು. ಎತ್ತಿನ ಹೊಟ್ಟೆಯಿಂದ ನಮ್ಮ ಭಾರ ಮನುಷ್ಯರ ಹೊಟ್ಟೆಗೆ ಬಂತು. ನಾನು ಬೋರ್ಡನ್ನು ಹಾಗೇ ಬಿಟ್ಟೆ. ಲಾರಿಯೂ ಗಾಡಿಯೇ ತಾನೆ? ಎಲ್ಲರೂ ಹಾಗೇ ಅನ್ನುತ್ತಿದ್ದರು.

ಒಂದು ದಿನ ಮಧ್ಯಾಹ್ನ ಮನೆಯವಳು ಹಿತ್ತಿಲಿನಿಂದ ಬಂದು ಕೈ ಚಾಚಿದಳು. ಅಂಗೈಯಲ್ಲಿ ಒದ್ದೆಯಾದ ಬೀಡಿ ತುಂಡು.

“ಕೊಡದಲ್ಲಿ ಬಂಜು,” ಎಂದಳು.

ಬೀಡಿ ಅಬ್ಬಿಯಲ್ಲಿ ಹೇಗೆ ಬಂತೆಂದು ನಾನು ಗುಡ್ಡ ಹತ್ತಿದೆ. ಹೆಚ್ಚು ಹತ್ತಬೇಕಾಗಲಿಲ್ಲ. ರಸ್ತೆಯಿಂದ ಮರೆ ಬೇಕಾದವರಿಗೆ ಆ ಬಂಡೆಗಳಂಥ ಮರೆ ಸುತ್ತಲೆಲ್ಲೂ ಇಲ್ಲ. ತೊಳೆದುಕೊಳ್ಳಲು ಪಕ್ಕದಲ್ಲೇ ನೀರು. ಡ್ರೈವರುಗಳು ತಿಂಗಳುಗಟ್ಟಲೆ ಅಲ್ಲಿಗೆ ಹೋಗಿಬರುತ್ತಿದ್ದರೆಂದು ಕಾಲಿಡಲು ಜಾಗವಿಲ್ಲದ್ದರಿಂದಲೇ ತಿಳಿಯಿತು. ಉಳಿದದ್ದನ್ನು ಬರೆಯುವುದು ಬೇಡ.

ಅಂದಿನಿಂದ ಅವಳು ಅಬ್ಬಿಗೆ ಕೊಡ ಇಡಲಿಲ್ಲ. ಹಕ್ಕಲಿನ ಆಚೆ, ತಗ್ಗಿನಲ್ಲಿದ್ದ ಹಳ್ಳಕ್ಕೆ ಇಳಿದು ಹೊತ್ತು ತರತೊಡಗಿದಳು. ಮನೆಗೂ ಅದೇ, ಚಹಾಕ್ಕೂ ಅದೇ. ನಾನು ಒಂದು ಕೊಡ ಹೊತ್ತು ನೋಡಿದೆ, ಅರ್ಧ ನನ್ನ ಮೈಮೇಲೇ ಬಂತು. ಅವಳು ನಗಲಿಲ್ಲ.

“ಅಬ್ಬಿ ಮೊದಲಿನ ಹಾಂಗೆ ಆಗವು,” ಎಂದಳು, ಆಗಲೇಬೇಕು ಅನ್ನುವ ದನಿಯಲ್ಲಿ. “ಇಲ್ದಿದ್ರೆ ಆನು ತವರಿಗೆ ಹೋಗ್ತೆ. ಬಾವಿ ಸೇದೂದೇ ಇದ್ರೆ ಅಲ್ಲೇ ಸೇದ್ತೆ.”

ಅವಳು ಒಮ್ಮೆ ಹೇಳಿದ್ದನ್ನು ಎರಡನೆಯ ಸಲ ಹೇಳುವವಳಲ್ಲ. ನನಗೆ ಎರಡು ಕಡೆಯ ಚಿಂತೆ ಹಿಡಿಯಿತು: ಲಾರಿಯವರಿಗೆ ಹೇಳಿದರೆ ಅವರು ಹೋದಾರು, ಹೇಳದಿದ್ದರೆ ಇವಳು ಹೋದಾಳು. ಏನು ಹೇಳಬೇಕೆಂದು ಬಾಳೆಗಿಡಗಳ ಮುಂದೆ ನಿಂತು ಅಭ್ಯಾಸ ಮಾಡಿದೆ. ಆಮೇಲೆ ಕೆಂಪು ಟವೆಲಿನ ಒಬ್ಬ ಡ್ರೈವರನ ಹತ್ತಿರ ಹೋದೆ. ಹುಬ್ಬಳ್ಳಿ ಕಡೆಯವನು, ಉಳಿದ ಡ್ರೈವರುಗಳೂ ಅವನ ಮಾತು ಕೇಳುತ್ತಿದ್ದರು. ನಾನು ಗುಡ್ಡ, ಬಂಡೆ, ಮರೆ ಎಂದು ಸುತ್ತಿ ಬಳಸಿ ಹೇಳಿದ್ದನ್ನು ತಾಳ್ಮೆಯಿಂದ ಕೇಳಿ, ಅವನು ಎದ್ದು ನನ್ನನ್ನು ತೋಳು ಹಿಡಿದು ಬೋರ್ಡಿನ ಮುಂದೆ ನಿಲ್ಲಿಸಿದ.

“ಇದನ್ನ ಬರದಾವ್ರು ಯಾರ್ರಿ?”

“ನಾನೇ.”

“ಗಾಡಿಯವ್ರು ಅಂದ್ರ ನಾವ ಹೌದಲ್ರಿ?”

“ಹೌದು.”

“ಬಾಡಿಗಿ ಇಲ್ಲ. ಗೊಬ್ಬರಾ ಇಲ್ಲೇ ಬಿಟ್ಟು ಹೋಗ್ರಿ ಅಂತೀರಿ. ನಮ್ಮ ಲಾರಿ ಏನ್ ಸಗಣಿ ಹಾಕ್ತೈತೇನ್ರಿ? ನಾವ ಹಾಕಬೇಕು! ಮ್ಯಾಲೆ ಹುಕುಂ ಬ್ಯಾರೆ. ಹುಕುಂ ಮುರದು ಜೇಲಿಗೆ ಹೋಗೂಣೇನ್ರಿ?”

ನೆರಳಲ್ಲಿ ಕೂತಿದ್ದವರೆಲ್ಲ ಬಿದ್ದು ಬಿದ್ದು ನಕ್ಕರು. ನಾನೂ ನಕ್ಕೆ. ನಗಬಾರದ ಕಡೆ ನಗುವುದು ನನಗೆ ಅಭ್ಯಾಸ. ಒಳಗೆ ಬಂದಾಗ ಮನೆಯವಳು ಕೇಳಿದಳು, “ಎಂತ ಹೇಳಿದ?” ನಾನು ಹೇಳಿದ್ದನ್ನು ಕೇಳಿ ಲೋಟಗಳಿಗೆ ಚಹಾ ಬಗ್ಗಿಸಿಕೊಂಡು ತಾನೇ ಹೊರಗೆ ಹೋದಳು. ಪರ ಗಂಡಸರ ಜೊತೆ ಅವಳು ಹೆಚ್ಚು ಮಾತಾಡಿದವಳಲ್ಲ. ಎಲ್ಲರಿಗೂ ಕೊಟ್ಟು, ಕೆಂಪು ಟವೆಲಿನವನು ಅರ್ಧ ಕುಡಿಯುವವರೆಗೆ ಕಾದು ಕೇಳಿದಳು:

“ಚಾ ಹೇಂಗಿದ್ದು?”

“ಛಲೋ ಐತ್ರಿ, ಅಮ್ಮಾರ.”

“ಆಗದೇ ಎಂತ. ನಿಂಗಳ ಗೊಬ್ಬರದ ನೀರೇ ಅಲ್ದಾ? ಆ ಬಂಡೆ ಹತ್ರದಿಂದ ಹರ್ಕಂಡು ಬತ್ತು. ಬೇರೆ ನೀರು ಆನು ಎಲ್ಲಿಂದ ತರ್ಲಿ?”

ಅದು ಸುಳ್ಳು. ನೀರು ಹಳ್ಳದ್ದು, ಅವಳೇ ಹೊತ್ತು ತಂದದ್ದು. ಆದರೆ ನಾನು ಬಾಯಿ ತೆರೆಯುವ ಮೊದಲೇ ಕೆಂಪು ಟವೆಲಿನವನು ಬಾಯಲ್ಲಿದ್ದದ್ದನ್ನು ರಸ್ತೆಯವರೆಗೂ ಉಗಿದಿದ್ದ. ಒಬ್ಬ ಲೋಟ ಮಗುಚಿದ, ಇನ್ನೊಬ್ಬ ಬೆರಳು ಗಂಟಲಿಗೆ ಹಾಕಿಕೊಂಡ. ನಗು ನಿಂತಿತು. ಅವಳು ಲೋಟಗಳನ್ನು ಎತ್ತಿಕೊಂಡು ಒಳಗೆ ಬಂದಳು.

ಘಟ್ಟದ ಮೇಲೆ ಸುದ್ದಿಗೆ ಬ್ರೇಕು ಇಲ್ಲ. ಮಾರನೆಯ ದಿನದಿಂದ ಲಾರಿಗಳು ನಮ್ಮ ಹಕ್ಕಲಿನ ಎದುರು ಹಾರನ್ನು ಹೊಡೆದು ನಿಲ್ಲದೆ ಹೋದವು. ಕೆಲವರು ಮೂಗು ಮುಚ್ಚಿ ತೋರಿಸಿದರು. ಬಯಲೆಲ್ಲ ನನ್ನದೇ ಆಯಿತು. ಮನೆಯವಳು ಬುಟ್ಟಿಯಲ್ಲಿ ಬೂದಿ ತುಂಬಿಕೊಂಡು ಗುಡ್ಡ ಹತ್ತಿದಳು. ಅವಳ ಹಿಂದೆ ಗುದ್ದಲಿ ಹಿಡಿದು ನಾನೂ ಹತ್ತಿದೆ. ದಂಧೆ ಹೋದ ಮೇಲೆ ಕೈಗೆ ಬೇರೆ ಕೆಲಸವೂ ಇರಲಿಲ್ಲ.

ಬಂಡೆಯ ಸುತ್ತಲಿನದನ್ನು ತೆಗೆದು ಹೂತೆವು. ಒರತೆಯ ಬಾಯಿ ಬಿಡಿಸಿ, ಸುತ್ತ ಮುಳ್ಳಿನ ಬೇಲಿ ಹಾಕಿದೆವು. ದಂಬೆ ಬದಲಿಸಿದೆವು. ಒಂದು ದೊಡ್ಡ ಮಳೆಗಾಲ ಗುಡ್ಡವನ್ನು ತೊಳೆದುಕೊಟ್ಟಿತು. ಅಷ್ಟರಲ್ಲಿ ಹಕ್ಕಲಿನ ಕೆಳಬದಿಗೆ, ಹಳ್ಳದಿಂದಲೂ ಅಬ್ಬಿಯಿಂದಲೂ ದೂರಕ್ಕೆ, ನಾನು ಉದ್ದಕ್ಕೆ ಗುಂಡಿ ತೋಡಿ ಅಡಿಕೆಸೋಗೆಯ ತಟ್ಟಿ ಕಟ್ಟಿ ಮರೆ ಮಾಡಿದೆ. ಆಮೇಲೆ ಬೋರ್ಡಿನ ಚಿಂತೆ. ಹಳೆಯದನ್ನೆಲ್ಲ ಕೆರೆದು ಹಾಕಿದೆ. ಹೊಸದಾಗಿ ಏನು ಬರೆಯುವುದು? ಶೌಚ ಎಂದರೆ ಯಾರಿಗೆ ತಿಳಿಯುತ್ತದೆ, ತಿಳಿಯುವ ಮಾತು ಬರೆದರೆ ಮರ್ಯಾದೆ ಏನಾಗುತ್ತದೆ? ಬರೆದ ಪ್ರತಿ ಮಾತಿಗೂ ಎರಡು ಅರ್ಥ ಕಾಣತೊಡಗಿತು. ಮನೆಯವಳು ಮಸಿಯ ಕುಂಚ ನನ್ನ ಕೈಯಿಂದ ತೆಗೆದುಕೊಂಡು ತಗ್ಗಿನ ಕಡೆಗೆ ಒಂದು ಬಾಣ ಎಳೆದಳು. ಅದರ ಪಕ್ಕದಲ್ಲಿ ನಾನು ‘ಕೆಳಗೆ’ ಎಂದು ಬರೆದೆ. ಅಷ್ಟು ಚಿಕ್ಕ ಬೋರ್ಡನ್ನು ನಾನು ಜೀವಮಾನದಲ್ಲಿ ಬರೆದಿರಲಿಲ್ಲ.

ಅಬ್ಬಿಯ ನೀರನ್ನು ಬಾಯಿಗೆ ಹಾಕಲು ಅವಳೂ ಧೈರ್ಯ ಮಾಡಿರಲಿಲ್ಲ. ಪಾತ್ರೆ ತೊಳೆಯುವಳು, ಕುಡಿಯಲು ಹಳ್ಳಕ್ಕೇ ಇಳಿಯುವಳು. ತವರಿನ ಮಾತು ಮುಗಿದಿಲ್ಲ ಎಂದು ನನಗೆ ಗೊತ್ತಿತ್ತು.

ಚಳಿ ಶುರುವಾದ ಮೇಲೆ ಒಂದು ಬೆಳಿಗ್ಗೆ ಕೆಂಪು ಟವೆಲಿನವನ ಲಾರಿ ನಿಂತಿತು. ಪ್ರೀತಿಯಿಂದಲ್ಲ. ಘಟ್ಟ ಹತ್ತುವಾಗ ಇಂಜಿನ್ ಕುದಿದು ಮುಂದೆಲ್ಲ ಹಬೆ. ಬೇರೆ ದಾರಿಯಿಲ್ಲದೆ ಇಳಿದು, ಕಲ್ಲುಬಾನಿಯನ್ನು ದೂರದಿಂದಲೇ ಬಗ್ಗಿ ನೋಡಿದ.

“ಈ ನೀರು ಹಾಕಿದ್ರ ಲಾರಿಗೂ ವಾಂತಿ ಬರ್ತೈತೇನ್ರಿ?” ಎಂದ.

ನಾನು ಅಭ್ಯಾಸ ಮಾಡಿಕೊಂಡಿರಲಿಲ್ಲ. ಅದರಿಂದಲೋ ಏನೋ ಮಾತು ನೆಟ್ಟಗೆ ಬಂತು: “ಬನ್ನಿ, ತೋರಿಸ್ತೇನೆ.” ಅವನನ್ನು ಗುಡ್ಡಕ್ಕೆ ಹತ್ತಿಸಿದೆ. ಅವನು ಬೇಲಿ ನೋಡಿದ, ಬಂಡೆಗಳ ಹಿಂದೆ ನೋಡಿದ, ಒರತೆಯ ತಳದ ಮರಳು ಕಾಣುವುದನ್ನು ನೋಡಿದ. ಆಮೇಲೆ ಟವೆಲು ಹೆಗಲಿಗೆ ಹಾಕಿಕೊಂಡು ಬಗ್ಗಿ ಬೊಗಸೆಯಲ್ಲಿ ಎತ್ತಿ ಕುಡಿದ. ಹಿಂದೆ ಏನೋ ಸಪ್ಪಳವಾಯಿತು. ತಿರುಗಿದರೆ ಮನೆಯವಳು ಕೊಡ ಸೊಂಟಕ್ಕೆ ಇಟ್ಟುಕೊಂಡು ನಿಂತಿದ್ದಳು. ಅವನ ಗಂಟಲನ್ನೇ ನೋಡುತ್ತಿದ್ದಳು.

ಅವನು ಬಾಯಿ ಒರೆಸಿಕೊಂಡ. “ಹೂಂ ಅಮ್ಮಾರ. ಚಾ ಇಡ್ರಿ.”

ಕೆಳಗೆ ಬಂದಾಗ ಬೋರ್ಡಿನ ಮುಂದೆ ನಿಂತು ಬಾಣವನ್ನೂ ಮಾತನ್ನೂ ಓದಿದ.

“ಇದು ಯಾರ ಹುಕುಂರಿ?”

“ಮನೆಯವಳದ್ದು,” ಎಂದೆ.

“ಹಂಗಾರ ನಡೀತೈತಿ,” ಎಂದ.

ಹಾರನ್ನು ಹೊಡೆದು ಹೋಗುತ್ತಿದ್ದವರು ಒಬ್ಬೊಬ್ಬರಾಗಿ ಮತ್ತೆ ನಿಂತರು. ದಂಧೆ ಈಗ ಹೇಗಿದೆ ಎಂದು ಯಲ್ಲಾಪುರದಲ್ಲಿ ಯಾರಾದರೂ ಕೇಳಿದರೆ ನಡೆಯುತ್ತಿದೆ ಅನ್ನುತ್ತೇನೆ. ಗಾಡಿಗಳು ಬಹುತೇಕ ನಿಂತವು. ಬಂಕಾಪುರದ ಮುದುಕ ಕೊನೆಯ ಸಲ ಬಂದಾಗ ಬೋರ್ಡು ನೋಡಿ ಗಾಬರಿಯಾಗಿ, “ಸಾವ್ಕಾರ್ರ, ಎತ್ತುಗಳ್ನೂ ಕೆಳಗ ಕಳಸಬೇಕೇನ್ರಿ?” ಎಂದು ಕೇಳಿದ. ಬೇಡ ಎಂದೆ. ಹಳೆಯ ಮೂಲೆಗೇ ಗುಡಿಸಿಟ್ಟು ಹೋದ. ಹಿಂದಿನ ಚಳಿಗಾಲದಲ್ಲಿ ಒಬ್ಬ ಬಿಳಿಯ ಗಂಡಸು, ಹೆಂಗಸು, ಹಾಸಿಗೆಯನ್ನೂ ಒಲೆಯನ್ನೂ ಒಳಗೇ ಇಟ್ಟುಕೊಂಡಿದ್ದ ಮೋಟಾರಿನಲ್ಲಿ ಗೋವಾಕ್ಕೆ ಹೋಗುವಾಗ ಎರಡು ದಿನ ತಂಗಿದರು. ನಮ್ಮ ಗಾಡಿಯವರಂತೆಯೇ, ಕೆಳಗೆ ಮಲಗುವ ಬದಲು ಒಳಗೆ ಮಲಗುತ್ತಿದ್ದರು ಅಷ್ಟೇ. ಅವರಿಗೆ ಕನ್ನಡ ಬರದು, ಬಾಣ ಬಂತು. ಮನೆಯವಳಿಗೆ ಅದು ಹೆಮ್ಮೆ.

ಅವಳ ಕೊಡ ಈಗ ಅಬ್ಬಿಯ ಕೆಳಗೇ ಇರುತ್ತದೆ. ಮೊದಮೊದಲು ಕೊಡ ಇಟ್ಟು ಗುಡ್ಡದ ಕಡೆ ಕಣ್ಣು ಹಾಯಿಸಿ, ಬಗ್ಗಿ ನೋಡಿ, ಆಮೇಲೆ ಕೂರುತ್ತಿದ್ದಳು. ಈಗ ಇಟ್ಟವಳೇ ಕಲ್ಲಿನ ಮೇಲೆ ಕೂರುತ್ತಾಳೆ, ಬೆನ್ನನ್ನು ಗುಡ್ಡದ ಕಡೆ ಮಾಡಿ. ಗುಡ್ಡ ನೋಡುವ ಕೆಲಸ ನನಗೆ ಬಂದಿದೆ. ಲಾರಿ ನಿಂತ ಸಪ್ಪಳವಾದರೆ ಸಾಕು, ಉಣ್ಣುತ್ತಿದ್ದವನು ಎದ್ದು ಹಿತ್ತಿಲ ಬಾಗಿಲಿಗೆ ಬರುತ್ತೇನೆ.

“ಕೂತ್ಕಂಡು ಉಣ್ಣಿ,” ಎನ್ನುತ್ತಾಳೆ ಅವಳು, ತಿರುಗದೆ. “ಗುಡ್ಡಕ್ಕೆ ಯಾರೂ ಹೋಜ್ವಿಲ್ಲೆ.”